ಎಪ್ಪತ್ತು ಪೈಸೆ ಬಡ್ಡಿ, ಇಪ್ಪತ್ತು ವರ್ಷ

ರಾಯಚೂರಿನ ಗಂಜಿನಲ್ಲಿ, ಅಂದರೆ ಬೆಳೆ ಮಾರುವ ಪೇಟೆಯಲ್ಲಿ, ಸಾಲದ ಮಾತು ಬಂದರೆ ಮೊದಲ ಪ್ರಶ್ನೆ ಒಂದೇ: "ಎಷ್ಟರ ಬಡ್ಡಿರಿ?" ನೂರಕ್ಕೆ ತಿಂಗಳಿಗೆ ಎಷ್ಟು ರೂಪಾಯಿ ಎಂದು ಕೇಳುತ್ತಿದ್ದಾರೆಂದು ತಿಳಿಯಬೇಕು. ಎರಡು ರೂಪಾಯಿ ಅಂದರೆ ಸಾಧಾರಣ. ಒಂದೂವರೆ ಅಂದರೆ ಹತ್ತಿರದವರಿಗೆ. ಮೂರು ಅಂದರೆ ಗರಜು ಬಿದ್ದವರಿಗೆ. ವರ್ಷಕ್ಕೆ ಶೇಕಡಾ ಇಷ್ಟು ಎಂಬ ಲೆಕ್ಕ ಅಲ್ಲಿ ಯಾರ ಬಾಯಲ್ಲೂ ಬರುವುದಿಲ್ಲ. ಹೀಗಿರುವಾಗ ಬ್ಯಾಂಕಿನವರು ಮನೆ ಸಾಲಕ್ಕೆ "ಎಂಟೂವರೆ ಪರ್ಸೆಂಟ್" ಅಂದರೆ, ಎದುರು ಕೂತವರು ಅದನ್ನು ಮನಸ್ಸಿನಲ್ಲೇ ಹನ್ನೆರಡರಿಂದ ಭಾಗಿಸಿ ನಗುತ್ತಾರೆ. ನೂರಕ್ಕೆ ಎಪ್ಪತ್ತು ಪೈಸೆ! ಇವತ್ತಿನ ಕಾಲದಾಗ ಎಪ್ಪತ್ತು ಪೈಸೆಗೆ ಯಾರು ಕೊಡ್ತಾರ?

ಮಾತು ಸುಳ್ಳಲ್ಲ. ಎಪ್ಪತ್ತು ಪೈಸೆಗೆ ಗಂಜಿನಲ್ಲಿ ಒಡಹುಟ್ಟಿದವನೂ ಕೊಡುವುದಿಲ್ಲ. ಆದರೆ ಗಂಜಿನ ಸಾಲಕ್ಕೆ ಒಂದು ಅವಧಿ ಇದೆ, ಅದನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ, ಎಲ್ಲರಿಗೂ ಗೊತ್ತಿರುತ್ತದೆ. ಬಿತ್ತನೆಗೆ ಬೀಜ, ಗೊಬ್ಬರಕ್ಕೆಂದು ಅಡತಿ (ದಲಾಲಿ) ಅಂಗಡಿಯಲ್ಲಿ ತಂದದ್ದು ಹತ್ತಿ ಬಂದಾಗ, ಭತ್ತ ಬಂದಾಗ ಮುರಿಯುತ್ತದೆ. ಒಂದು ಲಕ್ಷಕ್ಕೆ ಎರಡು ರೂಪಾಯಿಯಂತೆ ಎಂಟು ತಿಂಗಳಿಗೆ ಬಡ್ಡಿ 16 ಸಾವಿರ. ಅದೇ ಒಂದು ಲಕ್ಷವನ್ನು ಬ್ಯಾಂಕಿನಿಂದ ಎಪ್ಪತ್ತು ಪೈಸೆಗೆ ತಂದು ಇಪ್ಪತ್ತು ವರ್ಷ ಕಂತು ಕಟ್ಟಿದರೆ ಬಡ್ಡಿ ಒಂದು ಲಕ್ಷ 8 ಸಾವಿರ. ತಂದ ದುಡ್ಡಿಗಿಂತ ಬಡ್ಡಿಯೇ ಜಾಸ್ತಿ.

ಹಾಗಂತ ಗಂಜೇ ಸಸ್ತಾ ಎಂದು ಯಾರೂ ತಿಳಿಯಬಾರದು. ಎರಡು ರೂಪಾಯಿ ಬಡ್ಡಿಯ ಸಾಲವನ್ನು ಇಪ್ಪತ್ತು ವರ್ಷ ಮುಟ್ಟದೆ ಇಟ್ಟುಕೊಂಡರೆ ಬರೀ ಸರಳ ಬಡ್ಡಿಯೇ ಲಕ್ಷಕ್ಕೆ 4 ಲಕ್ಷ 80 ಸಾವಿರವಾಗುತ್ತದೆ. ಅಷ್ಟರಲ್ಲಿ ಹೊಲ ಯಾರದೋ ಆಗಿರುತ್ತದೆ. ಆದರೆ ನಮ್ಮ ಕಡೆ ಜನ ಬಡ್ಡಿಯ ದರ ಕೇಳುವಷ್ಟು ಗಟ್ಟಿಯಾಗಿ ಬಡ್ಡಿಯ ಕಾಲವನ್ನು ಕೇಳುವುದಿಲ್ಲ. ಮನೆ ಸಾಲದಲ್ಲಿ ದುಬಾರಿಯಾಗುವುದೇ ಕಾಲ.

ನಾನು ಪಿಯು ಕಾಲೇಜಿನಲ್ಲಿ ಲೆಕ್ಕಶಾಸ್ತ್ರ ಕಲಿಸುವವನು. ಅದಕ್ಕೇ ಬಂಧುಬಳಗದಲ್ಲಿ ಯಾರಿಗೆ ಸಾಲ ಮಂಜೂರಾದರೂ ಕಾಗದಗಳು ಒಮ್ಮೆ ನಮ್ಮ ಮನೆಗೆ ಬರುತ್ತವೆ. ಈಚೆಗೆ ಬಂದವನು ಅಕ್ಕನ ಮಗ. ಶಕ್ತಿನಗರದಲ್ಲಿ ನೌಕರಿ, ಲಿಂಗಸುಗೂರು ರಸ್ತೆಯ ಕಡೆ 30 ಲಕ್ಷದ ಮನೆ ನೋಡಿದ್ದ. ಬ್ಯಾಂಕ್ 25 ಲಕ್ಷ ಕೊಡಲು ಒಪ್ಪಿತ್ತು. ದರ ಎಂಟೂವರೆ, ಇಪ್ಪತ್ತು ವರ್ಷ, ಕಂತು 21,696 ರೂಪಾಯಿ. ಮಂಜೂರಾತಿ ಪತ್ರದ ಜೊತೆ ಕಂತುಗಳ ಪಟ್ಟಿಯೂ ಇತ್ತು, 240 ಸಾಲು. ಅವನು ಅದನ್ನು ಮಡಿಕೆ ಕೂಡ ಬಿಚ್ಚಿರಲಿಲ್ಲ.

ಆ ಪಟ್ಟಿಯನ್ನು ಬಿಚ್ಚಿ ಓದುವುದು ಬಹಳ ಮುಖ್ಯ. ಮೊದಲ ಸಾಲು: ಕಂತು 21,696. ಬಡ್ಡಿಗೆ 17,708. ಅಸಲಿಗೆ 3,988. ಎರಡನೇ ಸಾಲಿನಲ್ಲಿ ಅಸಲಿಗೆ ಹೋಗುವುದು ಹೆಚ್ಚಾದದ್ದು ಇಪ್ಪತ್ತೆಂಟು ರೂಪಾಯಿ. ಹೀಗೇ ತೆವಳುತ್ತ ಹೋಗುತ್ತದೆ. ಮೊದಲ ವರ್ಷ ಕಟ್ಟುವುದು 2 ಲಕ್ಷ 60 ಸಾವಿರ, ಸಾಲ ಇಳಿಯುವುದು 50 ಸಾವಿರವೂ ಇಲ್ಲ. ಐದು ವರ್ಷಕ್ಕೆ 13 ಲಕ್ಷ ಕಟ್ಟಿ ಆದಮೇಲೆ ಬಾಕಿ ಇನ್ನೂ 22 ಲಕ್ಷ. ಹತ್ತು ವರ್ಷ, ಅಂದರೆ ಅರ್ಧ ದಾರಿ ಬಂದಾಗ ಬಾಕಿ ಹದಿನೇಳೂವರೆ ಲಕ್ಷ. ಅಸಲು ಅರ್ಧಕ್ಕೆ ಇಳಿಯಲು ಹೆಚ್ಚುಕಡಿಮೆ ಹದಿನಾಲ್ಕು ವರ್ಷ ಬೇಕು. ಒಂದು ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ದೊಡ್ಡದಾಗುವುದೇ ಹನ್ನೆರಡನೇ ವರ್ಷದ ಕೊನೆಗೆ. ಕೊನೆಯ ಸಾಲು ಮುಟ್ಟುವಾಗ ಒಟ್ಟು ಕಟ್ಟಿದ್ದು 52 ಲಕ್ಷ 7 ಸಾವಿರ; ಅದರಲ್ಲಿ 27 ಲಕ್ಷ ಬಡ್ಡಿ.

"ಅಂದ್ರ ಬ್ಯಾಂಕಿನವರು ಮೊದ್ಲೇ ಬಡ್ಡಿ ಹಿಡ್ಕೋತಾರ ಮಾಮಾ?" ಅಂದ. ಬಹಳ ಮಂದಿ ಹೀಗೇ ತಿಳಿದಿದ್ದಾರೆ. ಮುಂದಿನ ವರ್ಷಗಳ ಬಡ್ಡಿಯನ್ನು ಬ್ಯಾಂಕ್ ಮೊದಲೇ ವಸೂಲು ಮಾಡುವುದಿಲ್ಲ. ಆ ತಿಂಗಳು ಎಷ್ಟು ಬಾಕಿ ಇದೆಯೋ ಅದರ ಮೇಲಿನ ಬಡ್ಡಿ ಮಾತ್ರ ತೆಗೆದುಕೊಳ್ಳುತ್ತದೆ. ಬಾಕಿಯೇ ದೊಡ್ಡದಿರುವಾಗ ಬಡ್ಡಿ ದೊಡ್ಡದು. ತುಂಗಭದ್ರಾ ಎಡದಂಡೆ ಕಾಲುವೆ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಗಂಗಾವತಿ, ಕಾರಟಗಿ, ಸಿಂಧನೂರಿನವರ ಗದ್ದೆ ತುಂಬಿದ ಮೇಲೆ ಉಳಿದದ್ದು ಮಾನ್ವಿ, ಸಿರವಾರದ ಕಡೆ ಬರುತ್ತದೆ. ಕಂತಿನಲ್ಲಿ ಬಡ್ಡಿ ಮೇಲ್ಭಾಗದ ರೈತ, ಅಸಲು ಕೊನೇ ಭಾಗದವನು. ನಮ್ಮಕ್ಕನ ಹೊಲ ಇರುವುದು ಮಾನ್ವಿ ತಾಲೂಕಿನಲ್ಲೇ, ಅಳಿಯನಿಗೆ ತಟ್ಟನೆ ಹೊಳೆಯಿತು.

ಹೊಳೆದ ಮೇಲೂ ಅವನು ಹೇಳಿದ್ದು ಬೇರೆ. "30 ವರ್ಷ ಮಾಡಿಸಿದ್ರ ಕಂತು ಎರಡೂವರೆ ಸಾವಿರ ಕಮ್ಮಿ ಆಗ್ತದ." ಹೌದು, 19,223 ಆಗುತ್ತದೆ. ತಿಂಗಳಿಗೆ 2,473 ರೂಪಾಯಿ ಉಳಿತಾಯ, ಒಟ್ಟು ಬಡ್ಡಿ 44 ಲಕ್ಷ 20 ಸಾವಿರ. ಇಪ್ಪತ್ತು ವರ್ಷದ್ದಕ್ಕಿಂತ 17 ಲಕ್ಷ ಹೆಚ್ಚು. ಹದಿನೈದು ವರ್ಷಕ್ಕಿಳಿಸಿದರೆ ಕಂತು 24,618, ಬಡ್ಡಿ 19 ಲಕ್ಷ 31 ಸಾವಿರ. ಇಪ್ಪತ್ತು ವರ್ಷದ್ದಕ್ಕಿಂತ ಏಳೂಮುಕ್ಕಾಲು ಲಕ್ಷ ಕಡಿಮೆ. ಅವನಾದರೂ ಕಾಲು ಪರ್ಸೆಂಟ್ ಕಡಿಮೆಗೆ ಕೊಡುವ ಬ್ಯಾಂಕ್ ಹುಡುಕಿ ಸ್ಟೇಷನ್ ರಸ್ತೆಯ ಉದ್ದಕ್ಕೂ ಅಲೆದಿದ್ದ. ಎಂಟೂವರೆಯ ಬದಲು ಎಂಟೂಕಾಲು ಸಿಕ್ಕರೆ ಇಪ್ಪತ್ತು ವರ್ಷದಲ್ಲಿ ಉಳಿಯುವುದು ಸುಮಾರು 94 ಸಾವಿರ. ಅಲೆದದ್ದು ವ್ಯರ್ಥವಲ್ಲ, 94 ಸಾವಿರ ಯಾರಪ್ಪನ ಗಂಟು? ಆದರೆ ಏಳೂಮುಕ್ಕಾಲು ಲಕ್ಷದ ಪ್ರಶ್ನೆಯನ್ನು ಅರ್ಜಿ ತುಂಬುವ ಹುಡುಗ ಕೇಳಿದ್ದು ಅರ್ಧ ನಿಮಿಷದಲ್ಲಿ: "ಎಷ್ಟು ವರ್ಷ ಹಾಕಲಿ ಸರ್, ಇಪ್ಪತ್ತಾ, ಮೂವತ್ತಾ?"

ಇನ್ನು ಕೈಯಿಂದ ಹಾಕುವ ದುಡ್ಡು. 30 ಲಕ್ಷದೊಳಗಿನ ಸಾಲಕ್ಕೆ ಬ್ಯಾಂಕ್ ಮನೆಯ ಬೆಲೆಯ ಶೇ. 90ರವರೆಗೆ ಕೊಡಬಹುದು, 30ರಿಂದ 75 ಲಕ್ಷದವರೆಗೆ ಶೇ. 80, ಇದು ರಿಸರ್ವ್ ಬ್ಯಾಂಕಿನ ಮಿತಿ. ನೋಂದಣಿ ಖರ್ಚು ಆ ಬೆಲೆಯಲ್ಲಿ ಸೇರುವುದಿಲ್ಲ, ತೀರಾ ಕಡಿಮೆ ಬೆಲೆಯ ಮನೆಗಳನ್ನು ಬಿಟ್ಟರೆ. ಕರ್ನಾಟಕದಲ್ಲಿ ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ ಮತ್ತು ಸರ್ಚಾರ್ಜ್, ನೋಂದಣಿ ಶುಲ್ಕ 2025ರ ಆಗಸ್ಟ್ ಕೊನೆಯಿಂದ ಶೇ. 1ರ ಬದಲು 2. ಎಲ್ಲ ಸೇರಿ ನೂರಕ್ಕೆ ಏಳೂವರೆಗಿಂತ ತುಸು ಮೇಲೆ. 30 ಲಕ್ಷದ ಮನೆಗೆ 2 ಲಕ್ಷ 28 ಸಾವಿರ. ಬೆಲೆಯಲ್ಲಿ ಉಳಿದ 5 ಲಕ್ಷ ಸೇರಿಸಿದರೆ ಏಳೂಕಾಲು ಲಕ್ಷ ಕೈಯಲ್ಲಿರಬೇಕು. ಇದ್ದವರಿಗೆ ಸರಿ. ಇಲ್ಲದವರು ಏನು ಮಾಡುತ್ತಾರೆ? ಚೀಟಿ ಎತ್ತುತ್ತಾರೆ, ಬಂಗಾರ ಅಡ ಇಡುತ್ತಾರೆ, ಕೊನೆಗೆ ಗಂಜಿಗೆ ಹೋಗುತ್ತಾರೆ. ಎಪ್ಪತ್ತು ಪೈಸೆಯ ಸಾಲ ಕೈಗೆ ಬರಲೆಂದು ಎರಡು ರೂಪಾಯಿಯ ಸಾಲ ಮಾಡುವುದು! ಹೀಗೆ ಮಾಡಿದವರು ಪ್ರತಿ ಓಣಿಯಲ್ಲೂ ಇದ್ದಾರೆ, ಮನೆಯ ಬೆಲೆ ಹೇಳುವಾಗ ಇದನ್ನು ಮಾತ್ರ ಯಾರೂ ಸೇರಿಸುವುದಿಲ್ಲ.

ವಿಮೆಯದೊಂದು ಕಥೆ. ಸಾಲದ ಜೊತೆ ಜೀವ ವಿಮೆಯನ್ನೂ ಜೋಡಿಸಿ, ಕಂತೆಲ್ಲ ಒಂದೇ ಸಲಕ್ಕೆ ಎಂದು ಲಕ್ಷದ ಪ್ರೀಮಿಯಂ ಹೇಳಿ, "ಈಗ ಕೊಡೋದು ಬ್ಯಾಡ್ರಿ, ಸಾಲಕ್ಕೇ ಸೇರಿಸ್ತೀವಿ" ಅನ್ನುತ್ತಾರೆ. ಸಾಲಕ್ಕೆ ಸೇರಿದ ಆ ಲಕ್ಷ ಇಪ್ಪತ್ತು ವರ್ಷದಲ್ಲಿ 2 ಲಕ್ಷ 8 ಸಾವಿರವಾಗಿರುತ್ತದೆ. ಮನೆ ನಡೆಸುವವನ ಹೆಸರಲ್ಲಿ ವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಸಾಲ ಕೊಟ್ಟವರ ಹತ್ತಿರವೇ ಕೊಳ್ಳಬೇಕೆಂದು ಯಾವ ಕಾಯ್ದೆಯೂ ಹೇಳುವುದಿಲ್ಲ. ಬೇರೆ ಕಡೆ ವರ್ಷವರ್ಷ ಕಟ್ಟುವ ಟರ್ಮ್ ಪಾಲಿಸಿಯ ದರ ಕೇಳಿ ನೋಡಿ, ಆಮೇಲೆ ಸಹಿ ಹಾಕಿ.

ತೆರಿಗೆ ಉಳಿಯುತ್ತದೆ ಎಂಬ ಮಾತನ್ನೂ ಈಗ ತೂಗಿ ನೋಡಬೇಕು. ಹಳೆಯ ಪದ್ಧತಿಯಲ್ಲಿ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇತ್ತು, ಈಗಲೂ ಇದೆ. ಹೊಸ ಪದ್ಧತಿಯಲ್ಲಿ ಅದು ಇಲ್ಲ. ಹೊಸದರಲ್ಲಿ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆಯೇ ಬೀಳದಂತೆ 2025ರ ಬಜೆಟ್ ಮಾಡಿದ ಮೇಲೆ, ನಮ್ಮ ಕಡೆಯ ಬಹುಪಾಲು ನೌಕರರಿಗೆ ಮನೆ ಸಾಲದಿಂದ ಉಳಿಸಲು ತೆರಿಗೆಯೇ ಉಳಿದಿಲ್ಲ.

ಎಪ್ಪತ್ತು ಪೈಸೆ ಎಪ್ಪತ್ತಾಗಿಯೇ ಇರುವುದೂ ಇಲ್ಲ. 2019ರ ಅಕ್ಟೋಬರಿನಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ (ದರ ಏರಿಳಿಯುವ) ಮನೆ ಸಾಲಗಳು ಹೊರಗಿನ ಒಂದು ದರಕ್ಕೆ, ಹೆಚ್ಚಿನವು ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರಕ್ಕೆ, ಗಂಟುಬಿದ್ದಿವೆ. ಕೋವಿಡ್ ಕಾಲದಲ್ಲಿ ರೆಪೊ ಶೇ. 4 ಇತ್ತು. 2022ರ ಮೇ ತಿಂಗಳಿಂದ ಏರಲು ಶುರುವಾಗಿ 2023ರ ಫೆಬ್ರುವರಿಗೆ ಆರೂವರೆ ಮುಟ್ಟಿತು. ಗಂಜಿನ ಭಾಷೆಯಲ್ಲಿ ಇಪ್ಪತ್ತು ಪೈಸೆ ಏರಿದ ಹಾಗೆ, ಏನೂ ಅಲ್ಲ ಅನ್ನಿಸುತ್ತದೆ. 2021ರಲ್ಲಿ ಏಳು ಪರ್ಸೆಂಟಿಗೆ 25 ಲಕ್ಷ ತಂದವನ ಕಂತು 19,382 ಇತ್ತು. ದರ ಒಂಬತ್ತೂವರೆಗೆ ಹೋದಾಗ ಅವನ ಬಾಕಿ 24 ಲಕ್ಷಕ್ಕಿಂತ ಸ್ವಲ್ಪ ಮೇಲಿರುತ್ತದೆ. ಆ ಬಾಕಿಯ ಮೇಲೆ ತಿಂಗಳ ಬಡ್ಡಿಯೇ 19 ಸಾವಿರ ದಾಟುತ್ತದೆ. ಕಂತು ಹಳೆಯದೇ ಇದ್ದರೆ ಅಸಲಿಗೆ ಬೀಳುವುದು ಚಿಲ್ಲರೆ ಕಾಸು. ಕಂತು ಏರಿಸದೆ ವರ್ಷ ಏರಿಸುತ್ತ ಹೋದ ಖಾತೆಗಳಲ್ಲಿ ಇಪ್ಪತ್ತು ವರ್ಷದ ಸಾಲ ಮೂವತ್ತು ದಾಟಿದ್ದು ಹೀಗೆ. ಕಂತು ಬದಲಾಗಲಿಲ್ಲವಲ್ಲ ಎಂದು ಸಾಲಗಾರ ಸಮಾಧಾನದಲ್ಲಿದ್ದ.

ದೂರುಗಳು ಬಂದ ಮೇಲೆ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್‌ನಲ್ಲಿ ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾಗಿ ಕಂತೋ ಅವಧಿಯೋ ಹೆಚ್ಚಾದರೆ ಸಾಲಗಾರನಿಗೆ ತಿಳಿಸಬೇಕು. ಕಂತು ಏರಿಸುವುದೋ, ವರ್ಷ ಏರಿಸುವುದೋ, ಎರಡನ್ನೂ ಸ್ವಲ್ಪಸ್ವಲ್ಪವೋ ಎಂದು ಅವನೇ ಆರಿಸುವಂತಿರಬೇಕು. ಮೆಸೇಜು ಬರುತ್ತದೆ. ಲಾಟರಿ, ಲೋನ್ ಆಫರ್‌ಗಳ ನಡುವೆ ಅದೂ ಒಂದು ಮೆಸೇಜಾಗಿ ಬಿದ್ದಿರುತ್ತದೆ. ತೆರೆದು ನೋಡುವ ಕೆಲಸ ನಮ್ಮದು. 2025ರ ಫೆಬ್ರುವರಿಯಿಂದ ರೆಪೊ ಇಳಿಯತೊಡಗಿ ಡಿಸೆಂಬರ್ ಹೊತ್ತಿಗೆ ಐದೂಕಾಲಕ್ಕೆ ಬಂತು. ಇಳಿದಾಗ ಮಾಡಬೇಕಾದದ್ದು ಇಷ್ಟೇ: ಕಂತನ್ನು ಹಾಗೇ ಬಿಟ್ಟು ವರ್ಷ ಕಡಿಮೆ ಮಾಡಿಸುವುದು. 2019ಕ್ಕಿಂತ ಹಳೆಯ ಸಾಲವಿದ್ದವರಿಗೆ ಈ ಇಳಿಕೆ ತಾನಾಗಿ ಪೂರ್ತಿ ಸಿಗುವುದಿಲ್ಲ. ಅರ್ಜಿ ಕೊಟ್ಟು, ಸಣ್ಣ ಶುಲ್ಕ ಕಟ್ಟಿ ಹೊಸ ಪದ್ಧತಿಗೆ ಬದಲಾಯಿಸಿಕೊಳ್ಳಬೇಕು.

ಸಂಬಳದ ಚೀಟಿ ಇಲ್ಲದವರ ಪಾಡು ಬೇರೆ. ಕಿರಾಣಿ ಅಂಗಡಿ, ಟ್ರ್ಯಾಕ್ಟರ್ ಬಾಡಿಗೆ, ಹತ್ತಿ ವ್ಯಾಪಾರ ಮಾಡುವವರಿಗೆ ಬ್ಯಾಂಕು ಮುಖ ಕೊಡದಿದ್ದಾಗ ಹೌಸಿಂಗ್ ಫೈನಾನ್ಸ್ ಕಂಪನಿಗಳು ಮನೆ ಬಾಗಿಲಿಗೇ ಬರುತ್ತವೆ. ದರ ಹದಿಮೂರೆಂದು ಇಟ್ಟುಕೊಳ್ಳಿ. ಒಂದು ರೂಪಾಯಿ ಎಂಟು ಪೈಸೆ, ಗಂಜಿನ ಅರ್ಧ. ಆದರೂ ಇಪ್ಪತ್ತು ವರ್ಷಕ್ಕೆ ಲಕ್ಷಕ್ಕೆ ಒಂದು ಲಕ್ಷ 81 ಸಾವಿರ ಬಡ್ಡಿ. ಇಂಥವರು ಎರಡು ಮೂರು ವರ್ಷ ಕಂತು ತಪ್ಪದೆ ಕಟ್ಟಿ, ರಿಟರ್ನ್ಸ್ ಸಲ್ಲಿಸಿ, ಆಮೇಲೆ ಬ್ಯಾಂಕಿಗೆ ಸಾಲ ವರ್ಗಾಯಿಸಿಕೊಳ್ಳಲು ನೋಡಬೇಕು. ಹಾಗೆ ಮಾಡಿದವರು ಕಡಿಮೆ.

ಕಂತಿಗೂ ಬೆಳೆಗೂ ಸಂಬಂಧವಿಲ್ಲ, ಇದು ನಮ್ಮ ಸೀಮೆಯ ತೊಡಕು. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 19ನೇ ಗೇಟು ಕೊಚ್ಚಿ ಹೋದಾಗ ಕೊಪ್ಪಳ, ರಾಯಚೂರು, ಬಳ್ಳಾರಿಯ ನೀರಾವರಿ ಊರುಗಳಲ್ಲಿ ಆ ವಾರ ನಿದ್ದೆ ಇರಲಿಲ್ಲ. ಒಂದು ವಾರದಲ್ಲಿ ಹರಿವಿಗೆ ತಡೆ ಬಿತ್ತು, ಬೆಳೆ ಉಳಿಯಿತು. ಆದರೆ ಗೇಟು ಹೋದರೂ ಕಂತು ಮಾತ್ರ ತಿಂಗಳ ಐದನೇ ತಾರೀಖಿಗೆ ಖಾತೆಯಿಂದ ತಾನೇ ಕಳಚಿಕೊಳ್ಳುತ್ತದೆ. ಅಡತಿ ಅಂಗಡಿಯವನು "ಮುಂದಿನ ಸುಗ್ಗಿಗೆ ನೋಡೋಣು" ಎಂದು ಖಾತೆ ಹೊರಳಿಸುತ್ತಾನೆ, ಬಡ್ಡಿಯ ಮೇಲೆ ಬಡ್ಡಿ ಬರೆದುಕೊಂಡೇ ಹೊರಳಿಸುತ್ತಾನೆ ಎಂಬುದು ಬೇರೆ ಮಾತು. ಬ್ಯಾಂಕಿನಲ್ಲಿ ತೊಂಬತ್ತು ದಿನ ಬಾಕಿ ದಾಟಿದರೆ ಖಾತೆ ಕೆಟ್ಟ ಸಾಲ, ಬ್ಯಾಂಕಿನ ಮಾತಿನಲ್ಲಿ ಎನ್‌ಪಿಎ. 2002ರ ಸರ್ಫೇಸಿ ಕಾಯ್ದೆಯಂತೆ ಅರವತ್ತು ದಿನದ ನೋಟಿಸು. ಕೋರ್ಟು ಹತ್ತದೆಯೇ ಮನೆ ವಶಕ್ಕೆ ಹೋಗಬಹುದು. ಆರು ತಿಂಗಳ ಕಂತನ್ನು ಎಫ್‌ಡಿಯಲ್ಲಿ ಮುಟ್ಟದೆ ಇಡಿ ಎಂದು ಅದಕ್ಕೇ ನಾನು ಹೇಳುವುದು. ಆ ದುಡ್ಡಿಗೆ ಸಿಗುವ ಬಡ್ಡಿ ಸಾಲದ ಬಡ್ಡಿಗಿಂತ ಕಡಿಮೆ, ಗೊತ್ತು. ಆ ನಷ್ಟವನ್ನೂ ಮನೆಯ ಬೆಲೆಗೇ ಸೇರಿಸಿಕೊಳ್ಳಿ.

ಇದೇ ಸೀಮೆಯವರ ಕೈಯಲ್ಲಿ ಒಂದು ಅನುಕೂಲವೂ ಇದೆ. ಬೆಂಗಳೂರಿನ ನೌಕರನಿಗೆ ವರ್ಷವಿಡೀ ಒಂದೇ ಅಳತೆಯ ಸಂಬಳ. ಇಲ್ಲಿ ನೌಕರಿಯ ಜೊತೆ ಹೊಲ ಇದ್ದ ಮನೆಗಳಿಗೆ ಹತ್ತಿ ಮಾರಿದಾಗ, ಭತ್ತ ಮಾರಿದಾಗ ಒಟ್ಟಿಗೆ ಒಂದಿಷ್ಟು ದುಡ್ಡು ಬರುತ್ತದೆ. ಅದನ್ನು ಅಸಲಿಗೆ ಕಟ್ಟುವುದು. ಫ್ಲೋಟಿಂಗ್ ದರದ ಮನೆ ಸಾಲವನ್ನು ಮೊದಲೇ ತೀರಿಸಿದರೆ ಬ್ಯಾಂಕುಗಳು ದಂಡ ಹಾಕಬಾರದೆಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ. ನಮ್ಮ ಲೆಕ್ಕದ ಸಾಲದಲ್ಲಿ ಮೊದಲ ವರ್ಷದ ಕೊನೆಗೆ ಒಂದೇ ಒಂದು ಸಲ ಒಂದು ಲಕ್ಷ ಹೆಚ್ಚು ಕಟ್ಟಿದರೆ ಸಾಲ 21 ತಿಂಗಳು ಮೊದಲೇ ಮುಗಿಯುತ್ತದೆ, ಮೂರೂವರೆ ಲಕ್ಷಕ್ಕೂ ಹೆಚ್ಚು ಬಡ್ಡಿ ಉಳಿಯುತ್ತದೆ. ಅದೇ ಲಕ್ಷವನ್ನು ಹದಿನೈದು ವರ್ಷ ಕಳೆದು ಕಟ್ಟಿದರೆ ಉಳಿಯುವುದು ಸುಮಾರು 50 ಸಾವಿರ. ಪ್ರತಿ ವರ್ಷ ಒಂದು ಕಂತು ಹೆಚ್ಚಿಗೆ, ಅಂದರೆ ಹನ್ನೆರಡರ ಬದಲು ಹದಿಮೂರು ಕಟ್ಟಿದರೂ ಅವಧಿಗಿಂತ ಮೂರು ವರ್ಷಕ್ಕೂ ಹೆಚ್ಚು ಮೊದಲೇ ಸಾಲ ಹರಿಯುತ್ತದೆ, 5 ಲಕ್ಷದಷ್ಟು ಬಡ್ಡಿ ತಪ್ಪುತ್ತದೆ. ಹದಿನೈದು ವರ್ಷದ ದೊಡ್ಡ ಕಂತಿಗೆ ಕಟ್ಟುಬೀಳುವುದಕ್ಕಿಂತ ಇಪ್ಪತ್ತಕ್ಕೆ ಬರೆಸಿ, ಬೆಳೆ ಬಂದ ವರ್ಷ ಹೆಚ್ಚು ಕಟ್ಟಿ, ಬಾರದ ವರ್ಷ ಬರೀ ಕಂತು ಕಟ್ಟುವುದೇ ಈ ಕಡೆಯ ಮನೆಗಳಿಗೆ ಹೊಂದುತ್ತದೆ ಎಂಬುದು ನನ್ನ ಅಭಿಪ್ರಾಯ. ಕೈ ಬಿಗಿಯಿಲ್ಲದವರಿಗೆ ಇದು ನಡೆಯುವುದಿಲ್ಲ. ಅವರು ಹದಿನೈದಕ್ಕೇ ಬರೆಸಲಿ.

ಅಕ್ಕ ಇದಕ್ಕೆ ಒಪ್ಪಲಿಲ್ಲ. "ಸುಗ್ಗಿ ರೊಕ್ಕ ಅಂದ್ರ ಬಂಗಾರಕ್ಕಲ್ಲೇನೋ ತಮ್ಮಾ? ಬ್ಯಾಂಕಿಗೆ ಸುರದ್ರ ಕಣ್ಣಿಗೆ ಏನು ಕಾಣಸ್ತದ?" ಅಂದಳು. ಇದನ್ನು ತೆಗೆದುಹಾಕುವ ಹಾಗಿಲ್ಲ. ಈಚಿನ ವರ್ಷಗಳಲ್ಲಿ ಬಂಗಾರ ಎಂಟೂವರೆ ಪರ್ಸೆಂಟನ್ನು ಹಿಂದೆ ಹಾಕಿ ಓಡಿದೆ, ಕಷ್ಟಕ್ಕೆ ಅಡ ಇಟ್ಟರೆ ಅರ್ಧ ತಾಸಿನಲ್ಲಿ ದುಡ್ಡು ಸಿಗುತ್ತದೆ. ಅಸಲಿಗೆ ಕಟ್ಟಿದ ದುಡ್ಡು ಬೇಕೆಂದರೆ ಹಿಂದೆ ಬರುವುದಿಲ್ಲ. ಬೆಲೆ ಏರಿಕೆಯ ವಾದವೂ ಅಷ್ಟೇ ಗಟ್ಟಿ: ಇವತ್ತು ಎದೆ ಹಿಂಡುವ 21,696 ಹದಿನೈದು ವರ್ಷದ ಮೇಲೆ ಅಷ್ಟು ದೊಡ್ಡ ಮೊತ್ತವಾಗಿರಲಿಕ್ಕಿಲ್ಲ, ಸಂಬಳ ಏರಿರುತ್ತದೆ. ಆದರೆ ಬಂಗಾರದ ಏರಿಕೆಗೆ ಯಾರೂ ಜಾಮೀನು ನಿಂತಿಲ್ಲ, ಸಾಲದ ಬಡ್ಡಿಗೆ ನಾವೇ ಸಹಿ ಹಾಕಿದ್ದೇವೆ. ಕೊನೆಗೆ ಅಕ್ಕ-ಮಗ ಅರ್ಧ ಅರ್ಧ ಎಂದು ಒಪ್ಪಂದಕ್ಕೆ ಬಂದರು. ಲೆಕ್ಕಕ್ಕೆ ಪೂರ್ತಿ ಸರಿಯಲ್ಲ, ಮನೆಗೆ ಸರಿ.

ಬಾಡಿಗೆಗೇ ಇರಬಹುದಲ್ಲ ಎಂದೂ ಕೇಳಿದೆ. ಮೊದಲ ತಿಂಗಳ 17,708 ಬಡ್ಡಿಯೂ ಒಂದು ಬಗೆಯ ಬಾಡಿಗೆಯೇ, ಬ್ಯಾಂಕಿಗೆ ಕೊಡುವುದು. ಅದರ ಅರ್ಧಕ್ಕಿಂತ ತುಸು ಹೆಚ್ಚು ಕೊಟ್ಟರೆ ರಾಯಚೂರಿನಲ್ಲಿ ಒಳ್ಳೆಯ ಮನೆ ಸಿಗುತ್ತದೆ. "ಬಾಡಿಗಿ ಮನ್ಯಾಗ ತಂಗಿ ಮದಿವಿ ಹೆಂಗ ಮಾಡ್ಲಿ?" ಎಂದು ಅವನು ತಿರುಗಿ ಕೇಳಿದ. ನನ್ನ ಹತ್ತಿರ ಇದಕ್ಕೆ ಕೋಷ್ಟಕ ಇಲ್ಲ. ಮನೆ ಬೇಕು ಎಂದಾದ ಮೇಲೆ ಬೇಕು. 30 ಲಕ್ಷದ ಮನೆ ಎಂದು ಮಾತ್ರ ಅನ್ನಬೇಡ, ಬಡ್ಡಿ, ನೋಂದಣಿ ಸೇರಿ 60 ಲಕ್ಷದ ಹತ್ತಿರದ ಮನೆ ಅನ್ನು, ಆಮೇಲೂ ಬೇಕೆನ್ನಿಸಿದರೆ ತಗೋ ಅಂದೆ. ತಗೊಂಡ.

ಇನ್ನೆರಡು ಮಾತು, ಬರೀ ಕೆಲಸಕ್ಕೆ ಸಂಬಂಧಪಟ್ಟವು. ಹೆಚ್ಚಿಗೆ ದುಡ್ಡು ಕಟ್ಟುವಾಗ ಕಂತು ಕಡಿಮೆ ಮಾಡಲೋ ಅವಧಿ ಕಡಿಮೆ ಮಾಡಲೋ ಎಂದು ಕೇಳಿದರೆ ಅವಧಿ ಎಂದೇ ಹೇಳಬೇಕು, ಬರೆದೂ ಕೊಡಬೇಕು. ಕಟ್ಟಿದ ಮೇಲೆ ಹೊಸ ಪಟ್ಟಿ ತೆಗೆಸಿ ಕೊನೆಯ ಕಂತಿನ ತಾರೀಖು ಹಿಂದೆ ಬಂದಿದೆಯೇ ನೋಡಬೇಕು. ಸಾಲ ತೀರಿದ ಮೂವತ್ತು ದಿನದೊಳಗೆ ಮೂಲ ಖರೀದಿ ಪತ್ರಗಳನ್ನು ಬ್ಯಾಂಕ್ ವಾಪಸ್ ಕೊಡಬೇಕು, ಅವರ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ಪತ್ರ ಕೈಗೆ ಬಂದಿತೆಂದು ಮನೆಗೆ ಹೋಗಬೇಡಿ. ಅಡಮಾನ ನೋಂದಣಿಯಾಗಿದ್ದರೆ ಅದರ ಬಿಡುಗಡೆಯೂ ಉಪನೋಂದಣಾಧಿಕಾರಿ ಕಚೇರಿಯಲ್ಲಿ ನೋಂದಣಿಯಾಗಬೇಕು. ಆಗದಿದ್ದರೆ ಋಣಭಾರ ಪತ್ರದಲ್ಲಿ (ಇಸಿ) ಆ ಸಾಲ ಹಾಗೇ ಕಾಣುತ್ತಿರುತ್ತದೆ. ನಮ್ಮ ಪರಿಚಯದವರೊಬ್ಬರು ಸಾಲ ತೀರಿಸಿ ವರ್ಷಗಳಾದ ಮೇಲೆ ಮನೆ ಮಾರಲು ಹೋದಾಗ, ಕೊಳ್ಳುವವರು ಇಸಿ ತೆಗೆಸಿ ನೋಡಿ ಮುಂಗಡ ವಾಪಸ್ ಕೇಳಿದ್ದರು. ಅಷ್ಟರಲ್ಲಿ ಸಾಲ ಕೊಟ್ಟಿದ್ದ ಶಾಖೆ ಬೇರೆ ಶಾಖೆಯಲ್ಲಿ ವಿಲೀನವಾಗಿತ್ತು. ಹಳೆಯ ಕಡತ ಹುಡುಕಿಸಿ ಬಿಡುಗಡೆ ಪತ್ರ ಮಾಡಿಸುವ ಹೊತ್ತಿಗೆ ಆ ಗಿರಾಕಿ ಬೇರೆ ಮನೆ ಕೊಂಡಿದ್ದ.